ಅಮೃತಸರದ ಮರದ ಚೆಸ್ ಸೆಟ್, ತಾಲ್‌ನ ಕುದುರೆ ಮತ್ತು ಕಾರ್ಲ್‌ಸನ್‌ನ ಗುದ್ದು

ಮೇ ತಿಂಗಳಲ್ಲಿ ಒಂದು ಮರದ ಚೆಸ್ ಸೆಟ್ ತರಿಸಿದೆ. ಅಮೃತಸರದಲ್ಲಿ ಮಾಡಿದ್ದು, ಆನ್‌ಲೈನ್‌ನಲ್ಲಿ ಕೊಂಡಿದ್ದು. ಬೋರ್ಡು, ಕಾಯಿ, ಪೆಟ್ಟಿಗೆ ಎಲ್ಲ ಸೇರಿ ಏಳು ಸಾವಿರದ ಚಿಲ್ಲರೆ. ಕಂಪನಿ ಹೆಸರು ಬರೆಯುವುದಿಲ್ಲ, ಯಾಕೆಂದರೆ ಒಂದು ಕುದುರೆಯ ವಿಷಯದಲ್ಲಿ ಅವರ ಜೊತೆ ನನ್ನ ಮಾತುಕತೆ ಇನ್ನೂ ಮುಗಿದಿಲ್ಲ.

ಮೊದಲೇ ಹೇಳಿಬಿಡುತ್ತೇನೆ, ನಾನೇನು ದೊಡ್ಡ ಆಟಗಾರ ಅಲ್ಲ. ನನಗಿರುವ ಹುಚ್ಚು ಬೇರೆ. ಗ್ರ್ಯಾಂಡ್‌ಮಾಸ್ಟರ್‌ಗಳು (ಚೆಸ್‌ನ ಅತಿ ದೊಡ್ಡ ಬಿರುದು ಪಡೆದವರು) ಆಡಿದ ಹಳೆ ಆಟಗಳನ್ನು ಒಂದೊಂದೇ ನಡೆ ಇಟ್ಟುಕೊಂಡು ನೋಡುವುದು. ಇಷ್ಟು ವರ್ಷ ಇದನ್ನು ಮೊಬೈಲ್‌ನಲ್ಲೇ ಮಾಡುತ್ತಿದ್ದೆ. ಅಲ್ಲಿ ಹೆಬ್ಬೆರಳಿನಿಂದ ತಳ್ಳಿದರೆ ನಲವತ್ತು ನಡೆ ಒಂದು ನಿಮಿಷಕ್ಕೆ ಮುಗಿಯುತ್ತದೆ, ಪಕ್ಕದಲ್ಲಿ ಒಂದು ಪಟ್ಟಿ ಮೇಲೆ ಕೆಳಗೆ ಓಡಾಡುತ್ತಾ ಯಾರು ಗೆಲ್ಲುತ್ತಾರೆ ಅಂತ ಮೊದಲೇ ಹೇಳಿಬಿಡುತ್ತದೆ, ಮರುದಿನ ಕೇಳಿದರೆ ಒಂದು ನಡೆಯೂ ನೆನಪಿರುವುದಿಲ್ಲ. ಹಾಗಾಗಿ ಮರದ ಸೆಟ್. ಈ ವಿಮರ್ಶೆಯೂ ಅದೇ ಲೆಕ್ಕದಲ್ಲಿದೆ: ಯಾವ ಕಾಯಿ ಹೇಗಿದೆ ಅಂತ ನೋಡಲು ಆ ಕಾಯಿ ಮೆರೆದ ಆಟವನ್ನೇ ಆಡಿಸಿ ನೋಡಿದೆ.

ರಾಜನ ಎತ್ತರ 9.5 ಸೆಂಟಿಮೀಟರ್. ಟೂರ್ನಮೆಂಟ್‌ಗೆ ಫಿಡೆ, ಅಂದರೆ ವಿಶ್ವ ಚೆಸ್ ಒಕ್ಕೂಟ, ಹೇಳುವ ಅಳತೆಯೂ ಅದೇ. ರಾಜ 9.5, ಮಂತ್ರಿ 8.5, ಒಂಟೆ 7, ಕುದುರೆ 6, ಆನೆ 5.5, ಕಾಲಾಳು 5. ಸ್ಕೇಲ್ ಇಟ್ಟು ಅಳೆದೆ, ಒಂದು ಕಪ್ಪು ಕುದುರೆ ಬಿಟ್ಟರೆ ಉಳಿದದ್ದೆಲ್ಲ ಸರಿಯಾಗಿದೆ. (ಕ್ವೀನ್ ಅಂತ ಎಲ್ಲರೂ ಹೇಳುತ್ತಾರೆ, ನಮ್ಮ ಮನೆಯಲ್ಲಿ ಅದು ಮಂತ್ರಿಯೇ. ಬಿಷಪ್ ಒಂಟೆಯೇ. ಚಿಕ್ಕಪ್ಪನ ಎದುರು ಕ್ವೀನ್ ಅಂದರೆ "ಅವಳ್ಯಾರು ಮಾರಾಯ" ಅನ್ನುತ್ತಾರೆ.) ಬೋರ್ಡಿನ ಒಂದೊಂದು ಮನೆ 5.5 ಸೆಂಟಿಮೀಟರ್. ಕಾಯಿಗಳ ಬುಡದಲ್ಲಿ ತೂಕ ತುಂಬಿಸಿ, ಕೆಳಗೆ ಹಸಿರು ಫೆಲ್ಟ್ ಅಂಟಿಸಿದ್ದಾರೆ. ಬಿಳಿ ಕಾಯಿ ಬಾಕ್ಸ್‌ವುಡ್, ಕಪ್ಪು ಕಾಯಿ ಎಂದರೆ ಅದೇ ಮರಕ್ಕೆ ಬಣ್ಣ ಹಾಕಿದ್ದು. ಮೊದಲ ವಾರ ಆಡಿದಾಗೆಲ್ಲ ಬೆರಳ ತುದಿ ಮಸಿ ಹಿಡಿದ ಹಾಗೆ ಕಪ್ಪಾಗುತ್ತಿತ್ತು. ಒಣ ಬಟ್ಟೆಯಲ್ಲಿ ಎರಡು ಮೂರು ಸಲ ಒರೆಸಿದ ಮೇಲೆ ನಿಂತಿತು.

ಆಕಾರ ಸ್ಟಾಂಟನ್. ಈಗ ಜಗತ್ತಿನ ಟೂರ್ನಮೆಂಟ್‌ಗಳಲ್ಲೆಲ್ಲ ಕಾಣುವುದು ಇದೇ. 1849ರಲ್ಲಿ ಲಂಡನ್ನಿನ ಜಾಕ್ಸ್ ಕಂಪನಿ ಮಾರಾಟಕ್ಕೆ ತಂದದ್ದು, ವಿನ್ಯಾಸ ನೋಂದಾಯಿಸಿದವನು ನಥಾನಿಯಲ್ ಕುಕ್, ಹೆಸರು ಮಾತ್ರ ಆ ಕಾಲದ ದೊಡ್ಡ ಆಟಗಾರ ಹೋವರ್ಡ್ ಸ್ಟಾಂಟನ್‌ದು. ಇವತ್ತಿನ ಜಾಹೀರಾತಿನ ಬುದ್ಧಿ ಆಗಲೂ ಇತ್ತು ಅಂತಾಯಿತು.

ಸರಿ, ರಾಜನಿಂದ ಶುರು. ರಾಜನನ್ನು ಪರೀಕ್ಷೆ ಮಾಡಲು ಕಾಪಾಬ್ಲಾಂಕಾಗಿಂತ ಒಳ್ಳೆಯವನು ಸಿಗುವುದಿಲ್ಲ. 1924ರ ನ್ಯೂಯಾರ್ಕ್ ಟೂರ್ನಮೆಂಟ್, ಎದುರಿಗೆ ತಾರ್ತಕೋವರ್. ಇಬ್ಬರ ಹತ್ತಿರವೂ ಒಂದೊಂದು ಆನೆ, ಕೆಲವು ಕಾಲಾಳು, ಅಷ್ಟೇ ಉಳಿದಿದೆ. ನಮ್ಮಂಥವರು ಕಾಲಾಳು ಉಳಿಸಿಕೊಳ್ಳಲು ಒದ್ದಾಡುತ್ತೇವೆ. ಈ ಪುಣ್ಯಾತ್ಮ 35ನೇ ನಡೆಯಿಂದ ರಾಜನನ್ನು ಹೊರಡಿಸುತ್ತಾನೆ. ಜಿ3, ಎಚ್4, ಜಿ5, ಎಫ್6. (ಇವು ಬೋರ್ಡಿನ ಮನೆಗಳ ಹೆಸರು: ಅಕ್ಷರ ಕಂಬಸಾಲಿಗೆ, ಅಂಕೆ ಅಡ್ಡಸಾಲಿಗೆ.) ದಾರಿಯಲ್ಲಿ ಎರಡು ಕಾಲಾಳುಗಳನ್ನು ಚೆಕ್ ಸಮೇತ ಬಿಟ್ಟುಕೊಡುತ್ತಾನೆ, ತಿರುಗಿಯೂ ನೋಡುವುದಿಲ್ಲ. ಮೊಬೈಲ್‌ನಲ್ಲಿ ಇದು ನಾಲ್ಕು ತಳ್ಳು. ಕೈಯಲ್ಲಿ ಆ ಭಾರದ ರಾಜನನ್ನು ಎತ್ತಿ ಒಂದೊಂದೇ ಮನೆ ಇಡುವಾಗ, ಪ್ರತಿ ಸಲ ವಾಪಸ್ ಇಡೋಣ ಅನ್ನಿಸುತ್ತದೆ, ಭಯವಾಗುತ್ತದೆ. ಹವಾನಾದಲ್ಲಿ 1888ರಲ್ಲಿ ಹುಟ್ಟಿದ ಈ ಮನುಷ್ಯ 1916ರಿಂದ 1924ರವರೆಗೆ ಎಂಟು ವರ್ಷ ಒಂದೂ ಆಟ ಸೋತಿರಲಿಲ್ಲ, ನಡುವೆ 1921ರಲ್ಲಿ ಲಾಸ್ಕರ್‌ನಿಂದ ವಿಶ್ವ ಪಟ್ಟ ಕಿತ್ತುಕೊಂಡದ್ದೂ ಒಂದೂ ಸೋಲಿಲ್ಲದೆ. ಆ ಓಟ ಮುರಿದದ್ದು ಇದೇ ನ್ಯೂಯಾರ್ಕ್‌ನಲ್ಲಿ, ರೇಟಿ ಕೈಯಲ್ಲಿ. ಅಂದಹಾಗೆ ಕಾಪಾಬ್ಲಾಂಕಾಗೆ ಫಿಡೆಯ ಗ್ರ್ಯಾಂಡ್‌ಮಾಸ್ಟರ್ ಬಿರುದು ಇರಲಿಲ್ಲ. ಅವನು ತೀರಿಕೊಂಡದ್ದು 1942ರಲ್ಲಿ, ಫಿಡೆ ಮೊದಲ ಸಲ 27 ಜನರಿಗೆ ಬಿರುದು ಕೊಟ್ಟದ್ದು 1950ರಲ್ಲಿ. (ಹಳಬರನ್ನೆಲ್ಲ ಏಕವಚನದಲ್ಲಿ ಕರೆಯುವುದು ನನ್ನ ಅಭ್ಯಾಸ, ಸಲಿಗೆ, ಬೇಜಾರು ಮಾಡಿಕೊಳ್ಳಬೇಡಿ.)

ರಾಜ ಪಾಸ್. ಬುಡ ಗಟ್ಟಿ, ತಲೆ ಮೇಲಿನ ಶಿಲುಬೆ ಮುರಿದಿಲ್ಲ. ಈ ಸೆಟ್‌ನಲ್ಲಿ ಕಣ್ಣುಮುಚ್ಚಿ ಹೊಗಳಬಹುದಾದ ಕಾಯಿ ಅಂದರೆ ಇದು.

ಕುದುರೆಯ ವಿಷಯಕ್ಕೆ ಬಂದರೆ ಸ್ವಲ್ಪ ಜಾಸ್ತಿ ಬರೆಯಬೇಕು. ಬೇರೆ ಕಾಯಿಗಳನ್ನು ಲೇತ್ ಮೇಲೆ ತಿರುಗಿಸಿ ಮಾಡಬಹುದು. ಕುದುರೆಯ ತಲೆಯನ್ನು ಮಾತ್ರ ಕೈಯಲ್ಲೇ ಕೆತ್ತಬೇಕು. ಅಮೃತಸರದಲ್ಲಿ ಕುದುರೆ ಕೆತ್ತುವುದನ್ನೇ ಕಸುಬು ಮಾಡಿಕೊಂಡವರು ಇದ್ದಾರೆ, ಸೆಟ್‌ನ ಬೆಲೆ ಏರುವುದು ಇಳಿಯುವುದು ಬಹುತೇಕ ಅವರ ಕೈಕೆಲಸದ ಮೇಲೆ. ನನ್ನ ಸೆಟ್‌ನ ಎರಡು ಬಿಳಿ ಕುದುರೆಗಳು ಚೆನ್ನಾಗಿವೆ, ಕೇಸರದ ಒಂದೊಂದು ಗೆರೆ ಎದ್ದು ಕಾಣುತ್ತದೆ, ಬಾಯಿ ಸ್ವಲ್ಪ ತೆರೆದಿದೆ. ಕಪ್ಪು ಕುದುರೆಗಳಲ್ಲಿ ಒಂದು ಅದೇ ಜಾತಿ. ಇನ್ನೊಂದು ಕುದುರೆಯೋ ಕತ್ತೆಯೋ ಹೇಳುವುದು ಕಷ್ಟ. ಮೂರು ಮಿಲಿಮೀಟರ್ ಗಿಡ್ಡ, ಕಿವಿ ದಪ್ಪ, ಮುಖದಲ್ಲಿ ಯಾರೋ ಬೈದ ಹಾಗೆ ಒಂದು ಭಾವ. ಬೇರೆ ಸೆಟ್‌ನದು ಇಲ್ಲಿ ಬಂದು ಸೇರಿದೆ ಅನ್ನುವುದು ನನ್ನ ಗುಮಾನಿ.

ಈ ಕುದುರೆಯನ್ನೇ ತೆಗೆದುಕೊಂಡು ತಾಲ್‌ನ ಆಟ ಆಡಿಸಿದೆ, ಬೇಕೆಂದೇ. ಮಿಖಾಯಿಲ್ ತಾಲ್, ರೀಗಾದವನು, 1936ರಲ್ಲಿ ಹುಟ್ಟಿದವನು, ಬಲಗೈಯಲ್ಲಿ ಹುಟ್ಟಿನಿಂದಲೇ ಮೂರು ಬೆರಳು, ಬದುಕಿಡೀ ಕಿಡ್ನಿ ಕಾಯಿಲೆ. 1960ರಲ್ಲಿ ಆಗಿನ ಚಾಂಪಿಯನ್ ಬೊತ್ವಿನ್ನಿಕ್ ವಿರುದ್ಧ ವಿಶ್ವ ಪಟ್ಟಕ್ಕೆ ಆಡಿದಾಗ ವಯಸ್ಸು 23. ಆರನೇ ಆಟ, ಕಪ್ಪು ಕಾಯಿ ತಾಲ್‌ದು. 21ನೇ ನಡೆಯಲ್ಲಿ ಎಚ್5ರಲ್ಲಿದ್ದ ಕುದುರೆಯನ್ನು ತಂದು ಎಫ್4ರಲ್ಲಿ ಇಡುತ್ತಾನೆ. ಸುಮ್ನೆ ಇಡುತ್ತಾನೆ. ಎದುರಿನ ಕಾಲಾಳು ಹೊಡೆದು ಹಾಕಬಹುದು, ಹೊಡೆಯುತ್ತದೆ ಕೂಡ. ಸಭಾಂಗಣದಲ್ಲಿ ಜನ ಎಷ್ಟು ಗಲಾಟೆ ಮಾಡಿದರೆಂದರೆ ಇಬ್ಬರನ್ನೂ ಒಳಗಿನ ಕೋಣೆಗೆ ಕರೆದುಕೊಂಡು ಹೋಗಿ ಆಟ ಮುಂದುವರಿಸಬೇಕಾಯಿತು. ಆ ಬಲಿಗೆ ಸರಿಯಾದ ಉತ್ತರ ಇತ್ತು ಅಂತ ಆಮೇಲೆ ಕೂತು ನೋಡಿದವರು ಹೇಳಿದರು. ಆಮೇಲೆ ತಾನೇ? ಗಡಿಯಾರ ಓಡುತ್ತಿರುವಾಗ ಬೊತ್ವಿನ್ನಿಕ್‌ನಂಥವನಿಗೇ ಸಿಗಲಿಲ್ಲ. ಪಂದ್ಯವನ್ನು ತಾಲ್ 12.5–8.5ರಿಂದ ಗೆದ್ದ, ಮರುವರ್ಷದ ಮರುಪಂದ್ಯದಲ್ಲಿ 13–8ರಿಂದ ಸೋತ. ಪಟ್ಟ ಉಳಿದದ್ದು ಒಂದೇ ವರ್ಷ. ಆದರೆ ಇಷ್ಟು ಜೂಜಾಡುವವನು 1973–74ರಲ್ಲಿ 95 ಆಟ ಸೋಲದೆ ಆಡಿದ ಅನ್ನುವುದನ್ನು ಜನ ಮರೆಯುತ್ತಾರೆ. ಅಗ್ರ ಆಟಗಾರರ ಮಟ್ಟದಲ್ಲಿ ಅದನ್ನು ಮುರಿಯಲು 2018ರವರೆಗೆ ಕಾಯಬೇಕಾಯಿತು, ಚೀನಾದ ಡಿಂಗ್ ಲಿರೆನ್ 100 ಆಟ, ಅದರ ಮೇಲೆ ನಾರ್ವೆಯ ಕಾರ್ಲ್‌ಸನ್ 125.

ನನ್ನ ಕತ್ತೆಮುಖದ ಕುದುರೆ ಎಫ್4ರಲ್ಲಿ ಚೆನ್ನಾಗಿಯೇ ನಿಂತಿತು. ತೊಂದರೆ ಬೇರೆ: ಎತ್ತಿ ಇಟ್ಟ ಕೂಡಲೇ ಫೆಲ್ಟ್ ಬೋರ್ಡಿಗೆ ಅಂಟಿಕೊಂಡು ಕುದುರೆ ಮಾತ್ರ ಮೇಲೆ ಬಂತು. ಮಳೆಗಾಲದ ತೇವಕ್ಕೆ ಗೋಂದು ಬಿಟ್ಟುಕೊಂಡಿದೆ. ಕಂಪನಿಗೆ ಫೋಟೋ ಕಳಿಸಿದೆ. "ಕೈಕೆಲಸ ಆದ್ದರಿಂದ ಸಣ್ಣ ವ್ಯತ್ಯಾಸ ಸಹಜ" ಅಂತ ಉತ್ತರ ಬಂತು. ಎರಡನೇ ಸಲ ಎರಡು ಕುದುರೆಗಳನ್ನು ಅಕ್ಕಪಕ್ಕ ಸ್ಕೇಲ್ ಜೊತೆ ನಿಲ್ಲಿಸಿ ಫೋಟೋ ತೆಗೆದು ಕಳಿಸಿದ ಮೇಲೆ "ಪರಿಶೀಲಿಸುತ್ತೇವೆ" ಅಂದರು.

ಕುದುರೆಯ ಮಾತು ಬಂದಾಗ ನಮ್ಮ ಮುಮ್ಮಡಿ ಕೃಷ್ಣರಾಜ ಒಡೆಯರನ್ನು ನೆನೆಯದೆ ಇರಲಾಗುವುದಿಲ್ಲ. ಕುದುರೆಯೊಂದನ್ನೇ ಓಡಿಸುತ್ತಾ, ಪ್ರತಿ ಮನೆಯನ್ನೂ ಒಂದೇ ಒಂದು ಸಲ ಮುಟ್ಟಿಸಿ ಬೋರ್ಡು ಪೂರ್ತಿ ಸುತ್ತಿಸುವ ಆಟವನ್ನು ಕಟ್ಟಿದ ಅರಸರು. 19ನೇ ಶತಮಾನದ ಮೈಸೂರಿನ ಕೆಲಸ ಅದು. ಈ ಸೆಟ್‌ನಲ್ಲಿ 64 ಮನೆ ಸುತ್ತಿಸಲು ಹೋಗಿ ನಾನು 51ಕ್ಕೆ ಸಿಕ್ಕಿಹಾಕಿಕೊಂಡೆ.

ಮಂತ್ರಿಗೆ ಫಿಷರ್. 1956, ನ್ಯೂಯಾರ್ಕ್, ಎದುರಿಗೆ ಡೊನಾಲ್ಡ್ ಬರ್ನ್, ಫಿಷರ್‌ಗೆ ಹದಿಮೂರು ವರ್ಷ. 17ನೇ ನಡೆಯಲ್ಲಿ ಒಂಟೆಯನ್ನು ಇ6ಕ್ಕೆ ಇಟ್ಟು, ಮಂತ್ರಿ ಬೇಕಿದ್ದರೆ ತಗೋ ಅನ್ನುತ್ತಾನೆ ಹುಡುಗ. ಬರ್ನ್ ತಗೊಂಡ. ಆಮೇಲೆ ಕುದುರೆ ಒಂಟೆ ಸೇರಿ ರಾಜನನ್ನು ಎಫ್1–ಜಿ1, ಎಫ್1–ಜಿ1 ಅಂತ ಉಯ್ಯಾಲೆ ಆಡಿಸಿದ ಹಾಗೆ ಓಡಾಡಿಸುತ್ತವೆ, 41ನೇ ನಡೆಗೆ ಮೇಟ್. ಈ ಆಟವನ್ನು ಮರದ ಬೋರ್ಡಿನಲ್ಲಿ ಇಟ್ಟಾಗ ಒಂದು ವಿಚಿತ್ರ ಆಗುತ್ತದೆ. ಹೊಡೆದ ಮಂತ್ರಿಯನ್ನು ಬೋರ್ಡಿನ ಪಕ್ಕಕ್ಕೆ ತೆಗೆದು ಇಡುತ್ತೀರಿ. ಮುಂದಿನ ಇಪ್ಪತ್ತು ಚಿಲ್ಲರೆ ನಡೆಯೂ ಅದು ಅಲ್ಲೇ ನಿಂತು ನಿಮ್ಮನ್ನು ನೋಡುತ್ತಿರುತ್ತದೆ. ಚಿಕ್ಕಪ್ಪ ಬಂದು ನೋಡಿ "ಮಂತ್ರಿ ಹೋದಮೇಲೆ ಏನ್ ಆಡ್ತೀಯ, ಎತ್ತಿಡು" ಅಂದರು. ಪೂರ್ತಿ ಆಡಿ ತೋರಿಸಿದೆ. ಮಾತಾಡದೆ ಎದ್ದು ಹೋದರು, ಹತ್ತು ನಿಮಿಷ ಬಿಟ್ಟು ವಾಪಸ್ ಬಂದು ಮತ್ತೆ ಮೊದಲಿನಿಂದ ತೋರಿಸು ಅಂದರು.

ಫಿಷರ್ 15ಕ್ಕೆ ಗ್ರ್ಯಾಂಡ್‌ಮಾಸ್ಟರ್, ಅಮೆರಿಕದ ಚಾಂಪಿಯನ್ ಎಂಟು ಸಲ, ಅದರಲ್ಲಿ 1963–64ರಲ್ಲಿ 11ಕ್ಕೆ 11. 1971ರಲ್ಲಿ ತೈಮನೋವ್‌ಗೆ 6–0, ಲಾರ್ಸನ್‌ಗೆ 6–0. ಆ ಮಟ್ಟದಲ್ಲಿ ಎರಡು ಸಲ ಸತತ ಸೊನ್ನೆ ಸುತ್ತಿಸುವುದು ಅಂದರೆ ಏನು ಅಂತ ಚೆಸ್ ಆಡದವರಿಗೆ ಹೇಗೆ ಹೇಳುವುದೋ ಗೊತ್ತಿಲ್ಲ. 1972ರಲ್ಲಿ ರೇಕ್ಯಾವಿಕ್‌ನಲ್ಲಿ ಸ್ಪಾಸ್ಕಿ ಎದುರು ಮೊದಲ ಆಟ ಸೋತು, ಎರಡನೆಯದಕ್ಕೆ ಬರದೇ ಬಿಟ್ಟುಕೊಟ್ಟು, ಆಮೇಲೆ 12.5–8.5ಕ್ಕೆ ಗೆದ್ದ. 1975ರಲ್ಲಿ ಕಾರ್ಪೋವ್ ಜೊತೆ ಆಡದೆಯೇ ಪಟ್ಟ ಬಿಟ್ಟ. ಕಾಯಿಗಳ ವಿಷಯದಲ್ಲೂ ಅವನಿಗೆ ರುಚಿ ಇತ್ತು, 1950ರ ಡುಬ್ರೊವ್ನಿಕ್ ಒಲಿಂಪಿಯಾಡ್‌ಗೆ ಮಾಡಿಸಿದ ಸೆಟ್ ಅಂದರೆ ಬಲು ಇಷ್ಟ. ನನ್ನ ಈ ಕಪ್ಪು ಕುದುರೆ ನೋಡಿದ್ದರೆ ಪಂದ್ಯಕ್ಕೇ ಬರುತ್ತಿರಲಿಲ್ಲ.

ಮಂತ್ರಿ ಕೂಡ ಪಾಸ್. ಕಿರೀಟದ ಹಲ್ಲುಗಳು ಸ್ವಲ್ಪ ಚೂಪು, ಅಷ್ಟೇ. ಎರಡು ಮಂತ್ರಿ ಹೆಚ್ಚುವರಿ ಕೊಟ್ಟಿದ್ದಾರೆ, ಒಟ್ಟು 34 ಕಾಯಿ. ಆನೆ ಬಗ್ಗೆ ಬರೆಯಲು ಹೆಚ್ಚಿಲ್ಲ, ಆನೆ ಆನೆಯ ಹಾಗೇ ಇದೆ. 1999ರ ವಿಕ್ ಆನ್ ಜೇ (ನೆದರ್‌ಲ್ಯಾಂಡ್ಸ್‌ನ ಟೂರ್ನಮೆಂಟ್), ಕಾಸ್ಪರೋವ್–ತೊಪಲೋವ್ ಆಟ ಆಡಿಸಿದೆ. 24ನೇ ನಡೆಯಲ್ಲಿ ಕಾಸ್ಪರೋವ್ ಆನೆಯಿಂದ ಡಿ4ರ ಕಾಲಾಳು ಹೊಡೆದು ಆನೆಯನ್ನೇ ಕೊಟ್ಟು, ಕಪ್ಪು ರಾಜನನ್ನು ಬೋರ್ಡಿನ ಆ ತುದಿಯಿಂದ ಬಿಳಿಯರ ಮೊದಲ ಸಾಲಿನವರೆಗೆ ಅಟ್ಟಿಸಿಕೊಂಡು ಬರುವ ಆಟ. ಬೋರ್ಡು ಮಾತ್ರ ಇಲ್ಲಿ ಕೈಕೊಟ್ಟಿತು. ನಮ್ಮದು ಸಾಗರ. ಜುಲೈ ಮಳೆಗೆ ಬೋರ್ಡಿನ ಒಂದು ಮೂಲೆ, ಎಚ್1ರ ಕಡೆ, ಎರಡು ಮೂರು ಮಿಲಿಮೀಟರ್ ಮೇಲೆದ್ದಿದೆ. ಆ ಮೂಲೆಯ ಆನೆ ಮುಟ್ಟಿದರೆ ಟಕ್ ಟಕ್ ಅನ್ನುತ್ತದೆ. ಮಲೆನಾಡು, ಕರಾವಳಿಯವರು ಈ ಬೆಲೆಯ ಮರದ ಬೋರ್ಡು ತಗೋಬೇಡಿ, ಕಾಯಿ ಮಾತ್ರ ತಗೊಂಡು ಸುರುಳಿ ಸುತ್ತುವ ವಿನೈಲ್ ಹಾಸು ಹಾಕಿಕೊಳ್ಳಿ. ಇದನ್ನು ಮೊದಲೇ ಯಾರಾದರೂ ನನಗೆ ಹೇಳಿದ್ದರೆ ಎರಡೂವರೆ ಸಾವಿರ ಉಳಿಯುತ್ತಿತ್ತು.

ಒಂಟೆಗೆ ನಮ್ಮ ಆನಂದ್ ಅವರೇ ಆಗಬೇಕು. ಅವರ ಹೆಸರು ಹೇಳಿದರೆ ಪಟ್ಟಗಳ ಲೆಕ್ಕ ಎಲ್ಲರಿಗೂ ಗೊತ್ತು: 2000ದಲ್ಲಿ ಟೆಹರಾನ್‌ನಲ್ಲಿ ಶಿರೋವ್ ಎದುರು, 2007 ಮೆಕ್ಸಿಕೊ ಸಿಟಿ, 2008ರಲ್ಲಿ ಕ್ರಾಮ್ನಿಕ್, 2010ರಲ್ಲಿ ತೊಪಲೋವ್, 2012ರಲ್ಲಿ ಗೆಲ್ಫಾಂಡ್. ಇದರಲ್ಲಿ ನನಗೆ ಹೆಚ್ಚು ಇಷ್ಟ 2010. ಐಸ್‌ಲ್ಯಾಂಡಿನ ಜ್ವಾಲಾಮುಖಿ ಬೂದಿಗೆ ವಿಮಾನಗಳೆಲ್ಲ ನಿಂತು, ಫ್ರಾಂಕ್‌ಫರ್ಟ್‌ನಿಂದ ಸೋಫಿಯಾಕ್ಕೆ ಸುಮಾರು 40 ಗಂಟೆ ರಸ್ತೆಯಲ್ಲಿ ಹೋಗಿ, ಮೊದಲ ಆಟ ಸೋತು, ಕೊನೆಯ 12ನೇ ಆಟವನ್ನು ಕಪ್ಪು ಕಾಯಿಯಲ್ಲಿ ಗೆದ್ದು ಪಟ್ಟ ಉಳಿಸಿಕೊಂಡರು. ಒಂಟೆಗಳಿಗೆ ಮಾತ್ರ 2013ರ ಜನವರಿಯ ವಿಕ್ ಆನ್ ಜೇ, ಅರೋನಿಯನ್ ವಿರುದ್ಧದ ಆಟ. ಬಿ7ರಲ್ಲಿ ಒಂದು ಒಂಟೆ, ಸಿ5ರಲ್ಲಿ ಇನ್ನೊಂದು, ಎರಡೂ ಓರೆಯಾಗಿ ಬಿಳಿ ರಾಜನ ಕಡೆ ದಿಟ್ಟಿಸುತ್ತಿವೆ. 16ನೇ ನಡೆಗೆ ಡಿ7ರ ಕುದುರೆ ಇ5ಕ್ಕೆ ಬರುತ್ತದೆ. ಬೋರ್ಡಿನ ಮಧ್ಯೆ ಆನಂದ್ ಅವರ ಕಾಯಿಗಳೆಲ್ಲ ಹೊಡಿ ಅಂತ ಕೂತಿವೆ, ಯಾವುದನ್ನು ಹೊಡೆದರೂ ಕಷ್ಟ. 23ನೇ ನಡೆಗೆ ಒಂಟೆ ಇ3ಕ್ಕೆ ಬಂದಾಗ ಅರೋನಿಯನ್ ಕೈ ಎತ್ತಿದ. ಆಗ ಅವನು ರೇಟಿಂಗ್‌ನಲ್ಲಿ (ಆಟದ ಬಲ ಅಳೆಯುವ ಅಂಕ) ಜಗತ್ತಿನ ಮೂರನೆಯವನು. ಅದೇ ವರ್ಷ ನವೆಂಬರ್‌ನಲ್ಲಿ ಚೆನ್ನೈನಲ್ಲಿ ಕಾರ್ಲ್‌ಸನ್ ಎದುರು ಆನಂದ್ ಪಟ್ಟ ಕಳೆದುಕೊಂಡರು. ಆ ಹತ್ತು ಆಟಗಳನ್ನು ನಾನು ಇನ್ನೂ ಬೋರ್ಡಿನ ಮೇಲೆ ಇಟ್ಟಿಲ್ಲ. ಇಡುವ ಮನಸ್ಸಿಲ್ಲ.

ಒಂಟೆಗಳ ಕುತ್ತಿಗೆ ಸಪೂರ, ನೋಡಲು ಚಂದ. ಒಂದು ಬಿಳಿ ಒಂಟೆಯೊಳಗಿನ ತೂಕ ಮಾತ್ರ ಸಡಿಲ, ಅಲ್ಲಾಡಿಸಿದರೆ ಗಿಲಕಿ ಸದ್ದು. ಮಗಳಿಗೆ ಅದು ಬಹಳ ಇಷ್ಟವಾಗಿದೆ, ರಿಪೇರಿ ಮಾಡಿಸಬೇಡ ಅಂತ ಹಟ.

ಆನಂದ್ 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದಾಗ ಎರಡನೆಯವರು ಯಾರು ಅಂತ ಕೇಳುವ ಹಾಗೂ ಇರಲಿಲ್ಲ. 2017ರಲ್ಲಿ 50ನೆಯವರಾದವರು ಮೈಸೂರಿನ ಎಂ.ಎಸ್. ತೇಜ್‌ಕುಮಾರ್, ಕರ್ನಾಟಕಕ್ಕೆ ಅವರೇ ಮೊದಲು. ಗ್ರ್ಯಾಂಡ್‌ಮಾಸ್ಟರ್ ಆಗಲು 2500 ರೇಟಿಂಗ್, ಮೂರು ನಾರ್ಮ್ (ಟೂರ್ನಮೆಂಟ್‌ನಲ್ಲಿ ಆ ಮಟ್ಟದ ಆಟ ಆಡಿದ್ದಕ್ಕೆ ಸಿಗುವ ಅರ್ಹತೆ), ಕೇಳಲು ಎರಡೇ ಮಾತು. ಆದರೆ ಅದಕ್ಕೆ ಊರೂರು, ದೇಶ ದೇಶ ಸುತ್ತಬೇಕು, ರೇಟಿಂಗ್ ಇರುವವರ ಜೊತೆ ಆಡಬೇಕು, ಕೈಯಿಂದ ದುಡ್ಡು ಹಾಕಬೇಕು. ಅಂಥವರ ಆಟಗಳ ಬಗ್ಗೆ ಕನ್ನಡದಲ್ಲಿ ಇನ್ನಷ್ಟು ಬರೆಯಬೇಕು ಅಲ್ವಾ? ಇರಲಿ, ಅದು ಬೇರೆ ವಿಷಯ.

ಫೆಲ್ಟ್ ಬಗ್ಗೆ ಒಂದು ಮಾತು. ಒಳ್ಳೆಯ ಫೆಲ್ಟ್ ಇದ್ದರೆ ಕಾಯಿ ಇಟ್ಟಾಗ ಸದ್ದೇ ಬರುವುದಿಲ್ಲ, ಇಟ್ಟಿರೋ ಬಿಟ್ಟಿರೋ ಅಂತ ನಿಮ್ಮ ಬೆರಳಿಗೇ ಅನುಮಾನ. 1994ರ ಲಿನಾರೆಸ್ ಟೂರ್ನಮೆಂಟ್‌ನಲ್ಲಿ ಆದದ್ದು ಇದೇ ಜಗಳ. ಜುಡಿತ್ ಪೋಲ್ಗಾರ್‌ಗೆ 17 ವರ್ಷ, ಎದುರಿಗೆ ಕಾಸ್ಪರೋವ್. ಕುದುರೆಯನ್ನು ಸಿ5ರಲ್ಲಿ ಇಟ್ಟ ಕಾಸ್ಪರೋವ್, ಮನಸ್ಸು ಬದಲಿಸಿ ಎತ್ತಿ ಬೇರೆ ಮನೆಯಲ್ಲಿಟ್ಟ. ಬೆರಳು ಕುದುರೆಯಿಂದ ಕಾಲು ಸೆಕೆಂಡು ಬಿಟ್ಟಿತ್ತು ಅಂತ ಆಮೇಲೆ ವಿಡಿಯೋ ತೋರಿಸಿತು. ಬಿಟ್ಟ ಮೇಲೆ ನಡೆ ಮುಗಿಯಿತು, ಅದು ನಿಯಮ. ಆಕೆ ಆ ಹೊತ್ತಿಗೆ ದೂರು ಕೊಡಲಿಲ್ಲ, ಆಟ ಸೋತರು. 2002ರಲ್ಲಿ ಮಾಸ್ಕೋದಲ್ಲಿ ರ‍್ಯಾಪಿಡ್ (ಕಡಿಮೆ ಸಮಯದ) ಆಟದಲ್ಲಿ ಅದೇ ಕಾಸ್ಪರೋವ್‌ನನ್ನು ಸೋಲಿಸಿದರು. 1991ರಲ್ಲಿ ಹದಿನೈದು ವರ್ಷ ನಾಲ್ಕು ತಿಂಗಳಿಗೆ ಗ್ರ್ಯಾಂಡ್‌ಮಾಸ್ಟರ್ ಆಗಿ ಫಿಷರ್ ದಾಖಲೆ ಮುರಿದವರು ಅವರು. 2002ರಲ್ಲಿ ಹುಡುಗಿಯರ ಆ ದಾಖಲೆಯನ್ನು ಇನ್ನೂ ಕಡಿಮೆ ವಯಸ್ಸಿಗೆ ಮುರಿದವರು ನಮ್ಮ ಕೊನೇರು ಹಂಪಿ.

ಕೊನೆಗೆ ಗುದ್ದಿನ ಪರೀಕ್ಷೆ. 2025ರ ಜೂನ್‌ನಲ್ಲಿ ನಾರ್ವೆಯ ಸ್ಟಾವಾಂಗರ್‌ನಲ್ಲಿ ಗುಕೇಶ್ ಎದುರು ಸೋತಾಗ ಕಾರ್ಲ್‌ಸನ್ ಮೇಜಿಗೆ ಗುದ್ದಿದ್ದು ಎಲ್ಲರೂ ನೋಡಿದ್ದೀರಿ. 2882 ರೇಟಿಂಗ್ ಮುಟ್ಟಿದ ಮನುಷ್ಯ, ಕಾಯಿಗಳು ಚದುರಿಹೋದವು, ಆಮೇಲೆ ಕ್ಷಮೆಯನ್ನೂ ಕೇಳಿದ. ನಮ್ಮ ಊಟದ ಮೇಜಿನ ಮೇಲೆ ಅದೇ ಥರ ಗುದ್ದಿ ನೋಡಿದೆ. ರಾಜ, ಮಂತ್ರಿ ಅಲ್ಲಾಡಲಿಲ್ಲ. ಗಿಲಕಿ ಒಂಟೆ ಬಿತ್ತು, ಎಚ್1ರ ಆನೆ ಬಿತ್ತು, ಚಹಾ ಚೆಲ್ಲಿತು. ಬೋರ್ಡಿನ ಪಾಲಿಷ್ ಚಹಾಕ್ಕೆ ಜಗ್ಗಲಿಲ್ಲ, ಅದನ್ನೂ ಗುಣದ ಪಟ್ಟಿಗೆ ಸೇರಿಸಿ. ಹೆಂಡತಿ ಏನೆಂದಳು ಅನ್ನುವುದು ವಿಮರ್ಶೆಗೆ ಸಂಬಂಧಪಟ್ಟದ್ದಲ್ಲ.

ಪೆಟ್ಟಿಗೆ ಚೆನ್ನಾಗಿದೆ, ಒಳಗೆ ಪ್ರತಿ ಕಾಯಿಗೂ ಗುಂಡಿ ಇದೆ, ಆದರೆ ಗುಂಡಿಗೆ ಸರಿಯಾಗಿ ಸೇರಿಸಲು ಐದು ನಿಮಿಷ ಬೇಕು, ಮೊದಮೊದಲು ಬೇಸರ ಬರುತ್ತಿತ್ತು. 2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ 14ನೇ ಆಟದಲ್ಲಿ ಡಿಂಗ್ ಆನೆಯನ್ನು ಎಫ್2ಗೆ ಇಟ್ಟು ಎಡವಿದ, 7.5–6.5ಕ್ಕೆ ಪಂದ್ಯ ಮುಗಿಯಿತು, 18 ವರ್ಷದ ಗುಕೇಶ್ ವಿಶ್ವ ಚಾಂಪಿಯನ್. ಎದ್ದು ಕುಣಿಯಲಿಲ್ಲ ಹುಡುಗ. ಅಳುತ್ತಾ ಕೂತು ಕಾಯಿಗಳನ್ನೆಲ್ಲ ಮೊದಲಿನ ಹಾಗೆ ಸಾಲಾಗಿ ಜೋಡಿಸಿದ. ಅದನ್ನು ನೋಡಿದ ಮೇಲೆ ಮಗಳು ಆಟ ಮುಗಿದಾಗೆಲ್ಲ ತಾನೇ ಜೋಡಿಸುತ್ತಾಳೆ, ನನಗೆ ಬಿಡುವುದಿಲ್ಲ. ಕತ್ತೆಮುಖದ ಕುದುರೆಗೆ ದರ್ಜಿ ಅಂಗಡಿಯಿಂದ ತಂದ ಬಟ್ಟೆ ಚೂರನ್ನು ಅಂಟಿಸಿದ್ದೇವೆ, ಅದು ಕೆಂಪು.

ಐದಕ್ಕೆ ಮೂರೂವರೆ ಸ್ಟಾರ್. ಬೇರೆ ಕುದುರೆ ಬಂದರೆ ನಾಲ್ಕು ಮಾಡುತ್ತೇನೆ, ಪರಿಶೀಲನೆ ಶುರುವಾಗಿ ಇವತ್ತಿಗೆ ಇಪ್ಪತ್ತಾರು ದಿನ.